ತಕೆಮೊರಿಯವರು ಮಂಗಲ್ಪಾಡಿಯಲ್ಲಿದ್ದ ಮಳೆಗಾಲ

ಕಳೆದ ವಾರ ಕಾಸರಗೋಡು ಕಡೆಯ ಮಂಗಲ್ಪಾಡಿಯ ಒಂದು ಮನೆಯಲ್ಲಿ ಅಜ್ಜನೊಬ್ಬರ ಮೊಣಕಾಲಿಗೆ ನೋವಿನ ಪಟ್ಟಿ ಅಂಟಿಸುತ್ತಿದ್ದೆ. ಪಾಲಿಯೇಟಿವ್ ತಂಡದ ಜೊತೆ ಮನೆಮನೆಗೆ ಹೋಗಿ ಹಾಸಿಗೆ ಹಿಡಿದವರನ್ನು ನೋಡಿಕೊಳ್ಳುವುದು ನನ್ನ ಕೆಲಸ. ಪಟ್ಟಿಯನ್ನು ಅಜ್ಜನ ಮಗ ಹೊರದೇಶದಿಂದ ತಂದಿದ್ದ. ಅದರ ಮೇಲಿನ ತೆಳ್ಳಗಿನ ಹಾಳೆಯನ್ನು ಸುಲಿದದ್ದೇ ತಡ, ಪುದೀನ ಮತ್ತು ಕರ್ಪೂರ ಕಲಸಿದಂಥ ತಣ್ಣನೆಯ ವಾಸನೆ ಕೋಣೆಯಲ್ಲೆಲ್ಲ ಹರಡಿತು. ಹೊರಗೆ ಮಳೆ ಹಿಡಿದುಕೊಂಡಿತ್ತು. ಅದೇ ಊರಿನ ಕಡಲ ಬದಿಯ ಇನ್ನೊಂದು ಮನೆ, ಅದರ ಜಗಲಿ, ಇಂಥದ್ದೇ ಪಟ್ಟಿಯನ್ನು ಸೊಂಟಕ್ಕೆ ಅಂಟಿಸಿಕೊಂಡು ಕಾಲು ಚಾಚಿ ಕೂತಿರುತ್ತಿದ್ದ ತಕೆಮೊರಿಯವರು ಎಲ್ಲ ಒಟ್ಟಿಗೇ ನೆನಪಿಗೆ ಬಂದವು.

ತಕೆಮೊರಿಯವರು ಜಪಾನಿನ ಸಿನಿಮಾ ನಟರು. ನಾಯಕ ನಟರಲ್ಲ. ಹೋಟೆಲಿನ ಯಜಮಾನ, ಪೊಲೀಸ್ ಪೇದೆ, ಸ್ಟೇಷನ್ ಮಾಸ್ಟರ್, ಮದುಮಗಳ ಸೋದರಮಾವ, ಇಂಥ ಪಾತ್ರಗಳಲ್ಲಿಯೇ ತಲೆ ಬೆಳ್ಳಗಾದವರು. ಅವರು ಒಂದು ಇಡೀ ಮಳೆಗಾಲ ನಮ್ಮ ಕಡೆಗೆ ಬಂದು ಇದ್ದರೆಂದು ಹೇಳಿದರೆ ಈಗಲೂ ಕೆಲವರು ನಂಬುವುದಿಲ್ಲ.

ನಾನು ಪುತ್ತಿಗೆಯವಳು. ನರ್ಸಿಂಗ್ ಕಲಿತ ಮೇಲೆ ಕೆಲವು ವರ್ಷ ಜಪಾನಿನ ಒಂದು ಸಣ್ಣ ಪಟ್ಟಣದ ವೃದ್ಧಾಶ್ರಮದಲ್ಲಿ ಕೆಲಸ ಮಾಡಿದ್ದೆ. ಅಲ್ಲಿನ ಭಾಷೆಯನ್ನು ಪುಸ್ತಕಕ್ಕಿಂತ ಹೆಚ್ಚು ಅಜ್ಜ-ಅಜ್ಜಿಯಂದಿರ ಬಾಯಿಂದ ಕಲಿತವಳು. ಕರಾರು ಮುಗಿದು ಊರಿಗೆ ಬಂದಮೇಲೆ ಆ ಭಾಷೆ ಯಾವ ಉಪಯೋಗಕ್ಕೂ ಬಾರದೆ ಹಾಗೇ ಉಳಿದಿತ್ತು. ಗಂಡನಿಗೆ ಸೀತಾಂಗೋಳಿಯಲ್ಲಿ ಫ್ಲೆಕ್ಸ್ ಮುದ್ರಿಸುವ ಅಂಗಡಿ. ಅಲ್ಲಿಗೆ ಒಂದು ದಿನ ಪ್ರಸನ್ನ ಎಂಬ ಹುಡುಗ ತನ್ನ ಸಿನಿಮಾದ ಪೋಸ್ಟರ್ ಮಾಡಿಸಲು ಬಂದ. ಮಂಗಲ್ಪಾಡಿಯವನೇ, ಮೂವತ್ತು ದಾಟಿರಲಿಲ್ಲ, ಅದು ಅವನ ಮೊದಲ ಸಿನಿಮಾ. ಕಥೆಯಲ್ಲಿ ಒಬ್ಬ ಜಪಾನೀ ಮುದುಕ ಬರುತ್ತಾನೆ, ಆ ಪಾತ್ರಕ್ಕೆ ಅಲ್ಲಿಂದಲೇ ಒಬ್ಬರು ಬರುತ್ತಿದ್ದಾರೆ, ಆದರೆ ಅವರೊಡನೆ ಮಾತಾಡಲು ಜನವಿಲ್ಲ ಎಂದು ಅವನು ತಲೆ ಕೆರೆದುಕೊಂಡನಂತೆ. ನನ್ನ ಗಂಡ ಕಂಪ್ಯೂಟರಿನಿಂದ ತಲೆಯೆತ್ತದೆ, "ನಮ್ಮ ಮನೆಯಲ್ಲಿ ಒಬ್ಬಳು ಇದ್ದಾಳೆ" ಎಂದರಂತೆ. ಹೀಗೆ ನಾನು ಆ ಮಳೆಗಾಲದ ಮಟ್ಟಿಗೆ ಸಿನಿಮಾದವಳಾದೆ.

ಮಂಗಳೂರಿನ ವಿಮಾನ ನಿಲ್ದಾಣಕ್ಕೆ ಅವರನ್ನು ಕರೆತರಲು ಹೋದಾಗ ಜೋರು ಮಳೆ. ಎಪ್ಪತ್ತು ದಾಟಿದ, ಸಪುರ ದೇಹದ, ಗಿಡ್ಡ ಮನುಷ್ಯ. ಒಂದು ಸಣ್ಣ ಪೆಟ್ಟಿಗೆ, ಒಂದು ಕೊಡೆ. ನಾನು ಜಪಾನೀ ಭಾಷೆಯಲ್ಲಿ ನಮಸ್ಕಾರ ಹೇಳಿದಾಗ ನನ್ನ ಮುಖವನ್ನೇ ಎವೆಯಿಕ್ಕದೆ ನೋಡಿ, ಆಮೇಲೆ ಬಾಗಿ ವಂದಿಸಿದರು. ಕಾರಿನಲ್ಲಿ ಅವರು ನನ್ನ ಹೆಸರಿಗೆ ಮರ್ಯಾದೆಯ 'ಸಾನ್' ಸೇರಿಸಿ ಹೇಳಿದ ಮೊದಲ ಮಾತು ನನಗೆ ಚೆನ್ನಾಗಿ ನೆನಪಿದೆ.

"ಸುಜಾತಾ-ಸಾನ್, ಈ ಪಾತ್ರಕ್ಕೆ ಒಂದು ಹೆಸರಿದೆ. ಗೊತ್ತೇ?"

ನನಗೆ ಅರ್ಥವಾಗಲಿಲ್ಲ. ಪಾತ್ರವೆಂದ ಮೇಲೆ ಹೆಸರು ಇರುವುದಿಲ್ಲವೇ ಎಂದೆ. ಅವರು ನಕ್ಕರು. ತಮ್ಮ ಪಾತ್ರಗಳು ಹೆಚ್ಚಾಗಿ ಕೆಲಸದ ಹೆಸರಿನಲ್ಲಿಯೇ ಇರುತ್ತಿದ್ದವು, ಅಂಗಡಿಯವನು, ಕಾವಲಿನವನು, ಎರಡನೇ ನೆರೆಮನೆಯವನು ಎಂದು. ಪ್ರಸನ್ನನ ಸಿನಿಮಾದ ಮುದುಕನಿಗೆ ಹಿರೋಶಿ ಎಂಬ ಹೆಸರಿತ್ತು. ಇಷ್ಟು ದೂರ ಬರಲು ಒಪ್ಪಿದ್ದು ಅದಕ್ಕಾಗಿಯೇ ಎಂದರು.

ಸಿನಿಮಾದ ಕಥೆ ಸರಳವಾದದ್ದು. ಯೌವನದಲ್ಲಿ ಹಡಗು ಕೆಟ್ಟು ಈ ಕಡಲ ತೀರದ ಒಂದು ಮನೆಯಲ್ಲಿ ಕೆಲವು ತಿಂಗಳು ಉಳಿದ ಜಪಾನೀ ನಾವಿಕ, ಆ ಮನೆಯ ಹುಡುಗಿಗೆ ತಿರುಗಿ ಬರುತ್ತೇನೆಂದು ಮಾತು ಕೊಟ್ಟು ಹೋಗುತ್ತಾನೆ. ಮುದುಕನಾದ ಮೇಲೆ ಬರುತ್ತಾನೆ. ಅವಳೂ ಮುದುಕಿಯಾಗಿದ್ದಾಳೆ. ಜಗಲಿಯಲ್ಲಿ ಇಬ್ಬರೂ ಕೂತು ಮಾತಾಡುವುದೇ ಮುಖ್ಯ ದೃಶ್ಯ. ಉಳಿದದ್ದು ಊರಿನ ಯುವಕ-ಯುವತಿಯರದ್ದು.

ಮುದುಕಿಯ ಪಾತ್ರಕ್ಕೆ ಸಿಕ್ಕಿದವರು ಲೀಲಕ್ಕ. ಅವರು ಶಾಲೆಯೊಂದರಲ್ಲಿ ಮಕ್ಕಳಿಗೆ ಮಧ್ಯಾಹ್ನದ ಅಡುಗೆ ಮಾಡುತ್ತಿದ್ದು, ವಯಸ್ಸಾಯಿತೆಂದು ಬಿಟ್ಟವರು. ಮದುವೆಯಾಗಿ ಎರಡನೇ ವರ್ಷಕ್ಕೆ ಗಂಡ ಬೊಂಬಾಯಿಗೆ ಹೋಗಿ ಅಲ್ಲಿಯೇ ಇನ್ನೊಂದು ಸಂಸಾರ ಮಾಡಿಕೊಂಡಿದ್ದ. ಲೀಲಕ್ಕ ಅತ್ತೆಯನ್ನು ಕೊನೆಯವರೆಗೆ ನೋಡಿಕೊಂಡು, ಅತ್ತೆ ಹೋದಮೇಲೆ ಒಬ್ಬರೇ ಇದ್ದರು. ಊರಿನಲ್ಲಿ ಅವರ ಹೆಸರು ಹೇಳುವಾಗ ಹಿಂದೊಂದು 'ಪಾಪ' ಸೇರಿಸುವುದು ಎಲ್ಲರಿಗೂ ಅಭ್ಯಾಸವಾಗಿತ್ತು. ಉಪ್ಪಳದಲ್ಲಿ ನಟರ ಆಯ್ಕೆ ನಡೆಯುತ್ತಿದೆಯೆಂದು ತಿಳಿದು ಕೊಡೆ ಹಿಡಿದು ತಾವೇ ಬಂದಿದ್ದರು.

"ಆಕ್ಟಿಂಗ್ ಮಾಡಿ ಗೊತ್ತುಂಟಾ ಅಕ್ಕ?" ಎಂದು ಪ್ರಸನ್ನ ಕೇಳಿದನಂತೆ.

"ಅತ್ತೆಯ ಎದುರು ಅಷ್ಟು ವರ್ಷ ಮತ್ತೆಂತ ಮಾಡಿದ್ದು?" ಎಂದರಂತೆ ಲೀಲಕ್ಕ.

ಜೂನ್ ತಿಂಗಳು ಪೂರ್ತಿ ಮಳೆಯೇ ಆಯಿತು. ಕಡಲು ಕೆಂಪಗಾಗಿ ಮನೆಯ ಹಿಂದಿನ ಕಲ್ಲುಗಳವರೆಗೂ ಬಂದು ಬಡಿಯುತ್ತಿತ್ತು. ಬೆಳಕಿಲ್ಲದೆ ಶೂಟಿಂಗ್ ದಿನದಿನವೂ ಮುಂದಕ್ಕೆ ಹೋಗುತ್ತಿತ್ತು. ಲೈಟಿನವರು ಟಾರ್ಪಾಲಿನ ಅಡಿಯಲ್ಲಿ ಇಸ್ಪೀಟು ಆಡುತ್ತಿದ್ದರು. ಪ್ರಸನ್ನ ಆಕಾಶ ನೋಡುತ್ತ ಸಿಗರೇಟು ಸೇದುತ್ತಿದ್ದ. ತಕೆಮೊರಿಯವರಿಗೆ ಮಾತ್ರ ಯಾವ ಅವಸರವೂ ಇದ್ದ ಹಾಗೆ ಕಾಣಲಿಲ್ಲ. ಶೂಟಿಂಗಿಗೆಂದು ಬಾಡಿಗೆಗೆ ಹಿಡಿದಿದ್ದ ಆ ಹೆಂಚಿನ ಮನೆಯಲ್ಲಿ ಅವರು ಬೆಳಿಗ್ಗೆ ಎದ್ದು ಜಗಲಿ ಗುಡಿಸುತ್ತಿದ್ದರು. ಬಿದ್ದ ತೆಂಗಿನ ಗರಿಗಳನ್ನು ಎಳೆದು ಬದಿಗೆ ಹಾಕುತ್ತಿದ್ದರು. ಬಾವಿಯ ನೀರನ್ನು ತಾವೇ ಸೇದುತ್ತಿದ್ದರು. ಕೆಲಸದವರು ಬೇಡವೆಂದು ಓಡಿಬಂದರೆ ಕೈ ಮುಗಿದು ಅವರನ್ನು ಕಳಿಸುತ್ತಿದ್ದರು. ಅವರಿಗೆ ಊಟ ಬಡಿಸುವುದನ್ನು ಮಾತ್ರ ಲೀಲಕ್ಕ ಯಾರಿಗೂ ಬಿಟ್ಟುಕೊಡುತ್ತಿರಲಿಲ್ಲ.

"ಇದೆಲ್ಲ ಯಾಕೆ ಮಾಡುತ್ತೀರಿ?" ಎಂದು ಕೇಳಿದೆ.

"ನಾಯಕ ಒಂದು ಕೋಣೆಗೆ ಬರುತ್ತಾನೆ" ಎಂದರು ಅವರು. "ಅವನು ಬರುವ ಮೊದಲೇ ಅಲ್ಲಿ ಯಾರೋ ಬದುಕುತ್ತಿದ್ದರು ಎಂದು ನೋಡುವವರಿಗೆ ಅನಿಸಬೇಕು. ನಾನು ಇಷ್ಟು ವರ್ಷ ಮಾಡಿದ ಕೆಲಸ ಅದೊಂದೇ. ಹಿರೋಶಿ ಒಂದು ಕಾಲದಲ್ಲಿ ಈ ಜಗಲಿ ಗುಡಿಸಿದ್ದಾನೆ. ನನ್ನ ಕೈಗೆ ಅದು ಗೊತ್ತಿರಲಿ."

ಮಳೆ ಬಿಡದ ಆ ಮಧ್ಯಾಹ್ನಗಳಲ್ಲಿ ಅವರು ತಮ್ಮ ಕಥೆ ಹೇಳಿದರು. ತಂದೆ ತೋಫು ಮಾಡಿ ಮಾರುವವರು. ತೋಫು ಎಂದರೆ ಸೋಯಾ ಹಾಲಿನಿಂದ ಮಾಡುವ ಪನೀರಿನಂಥ ತಿನಿಸು. ಯುವಕನಾಗಿದ್ದಾಗ ಅದನ್ನು ಸ್ಟುಡಿಯೋದ ಅಡುಗೆಮನೆಗೆ ಮುಟ್ಟಿಸಲು ಹೋಗುತ್ತಿದ್ದರಂತೆ. ಒಂದು ದಿನ ಬಾಗಿಲು ತೆರೆಯುವ ಆಳಿನ ಪಾತ್ರದವನು ಬರಲಿಲ್ಲ. ಯಾರೋ ಇವರ ಕೈಯಲ್ಲಿದ್ದ ಡಬ್ಬಿಯನ್ನು ಕೆಳಗಿಡಿಸಿ, ಮೇಲೊಂದು ಹಳೆಯ ಅಂಗಿ ತೊಡಿಸಿ ಬಾಗಿಲ ಹಿಂದೆ ನಿಲ್ಲಿಸಿದರು. "ಸ್ನಾನಕ್ಕೆ ನೀರು ಕಾದಿದೆ, ಒಡೆಯಾ" ಎಂಬುದು ಅವರ ಮೊದಲ ಮಾತು. ಅದನ್ನು ಅವರು ಒಂದೇ ಸಲಕ್ಕೆ ಸರಿಯಾಗಿ ಹೇಳಿದರು. ಅದಾದ ಮೇಲೆ ಬಾಗಿಲ ಹಿಂದೆ ಯಾರಾದರೂ ಬೇಕಾದಾಗಲೆಲ್ಲ ಅವರಿಗೆ ಕರೆ ಬಂತು.

ಖಡ್ಗ ಹಿಡಿದವರ ಸಿನಿಮಾಗಳ ಕಾಲ ಮುಗಿದ ಮೇಲೆ ಟೀವಿ ಬಂತು. ಒಂದು ಪತ್ತೇದಾರಿ ಧಾರಾವಾಹಿಯಲ್ಲಿ ಇನ್ಸ್‌ಪೆಕ್ಟರಿಗೆ ಚಹಾ ತಂದುಕೊಡುವ ಪೇದೆಯಾಗಿ ವರ್ಷಗಟ್ಟಲೆ ಕಳೆದರು. ಇನ್ಸ್‌ಪೆಕ್ಟರ್ ಪಾತ್ರದ ನಟರು ಬದಲಾದರು, ಚಹಾ ತರುವವರು ಇವರೇ. ಅವರ ಹೆಂಡತಿ ಕಿಯೊಕೊ ಕೂದಲು ಕತ್ತರಿಸುವ ಅಂಗಡಿ ನಡೆಸುತ್ತಿದ್ದರು. ಅಲ್ಲಿ ಟೀವಿ ಹಾಕಿರುತ್ತಿದ್ದರು. ಧಾರಾವಾಹಿ ಬಂದಾಗ ಕತ್ತರಿಯನ್ನು ಮೇಲೆತ್ತಿ ಗಿರಾಕಿಗಳಿಗೆ, "ನೋಡಿ, ಆ ಮೊಣಕೈ ನಮ್ಮ ಮನೆಯವರದ್ದು" ಎನ್ನುತ್ತಿದ್ದರಂತೆ. ಇದನ್ನು ಹೇಳುವಾಗ ತಕೆಮೊರಿಯವರ ಮುಖದಲ್ಲಿ ಎಷ್ಟು ಹೆಮ್ಮೆ ಇತ್ತೆಂದರೆ, ಮುಖ ಪೂರ್ತಿ ಕಾಣದ್ದರ ಬೇಸರವಿರಲಿಲ್ಲವೇ ಎಂದು ಕೇಳಲು ಹೊರಟವಳು ಸುಮ್ಮನಾದೆ.

ಒಂದು ಸಲ ಸೀತಾಂಗೋಳಿಯ ಹೋಟೆಲಿಗೆ ಕರೆದುಕೊಂಡು ಹೋಗಿದ್ದೆ. ನಮ್ಮ ಕಡೆಯ ಹೋಟೆಲುಗಳಲ್ಲಿ ನೇಪಾಳದವರೂ ಅಸ್ಸಾಮಿನವರೂ ಬಹಳ ಜನ ಕೆಲಸಕ್ಕಿದ್ದಾರೆ. ಹೋಟೆಲಿನ ಯಜಮಾನರು ತಕೆಮೊರಿಯವರನ್ನು ನೋಡಿ ನನ್ನನ್ನು ಬದಿಗೆ ಕರೆದು ಕೇಳಿದರು, "ಇವರಿಗೆ ಕೆಲಸ ಎಲ್ಲಿಯಾದರೂ ಆಗಿದೆಯಾ? ನನಗೊಬ್ಬ ವಾಚ್‌ಮನ್ ಬೇಕಿತ್ತು. ವಯಸ್ಸಾದರೂ ತೊಂದರೆ ಇಲ್ಲ, ನಂಬಿಕೆಯ ಮುಖ ಉಂಟು."

ಅದನ್ನು ಹೇಳಬೇಕೋ ಬೇಡವೋ ಎಂದು ಹಿಂದೆಮುಂದೆ ನೋಡಿ ಹೇಳಿಯೇಬಿಟ್ಟೆ. ತಕೆಮೊರಿಯವರು ಎದ್ದು ಯಜಮಾನರಿಗೆ ಬಾಗಿ ವಂದಿಸಿದರು. ಬರುವ ದಾರಿಯುದ್ದಕ್ಕೂ ಖುಷಿಯಲ್ಲಿದ್ದರು. "ಕಾವಲುಗಾರ ನಾನು ತುಂಬ ಸಲ ಆಗಿದ್ದೇನೆ. ಆದರೆ ಯಾರೂ ಪರೀಕ್ಷೆ ಮಾಡದೆ ಪಾತ್ರ ಕೊಟ್ಟದ್ದು ಇದೇ ಮೊದಲು" ಎಂದರು.

ಜುಲೈಯಲ್ಲಿ ಎರಡು ವಾರ ಬಿಸಿಲು ಕಂಡಿತು. ತೊಂದರೆ ಶುರುವಾದದ್ದು ಆಗಲೇ.

ಜಗಲಿಯ ದೃಶ್ಯದಲ್ಲಿ ಲೀಲಕ್ಕ ಲೋಟದಲ್ಲಿ ಚಹಾ ಹಿಡಿದು ಮಾತಾಡಬೇಕು. ದಿನಾಲೂ ಕಡಲು ನೋಡುತ್ತಿದ್ದೆ, ಯಾವ ಹಡಗು ಕಂಡರೂ ನೀವೇ ಎಂದುಕೊಳ್ಳುತ್ತಿದ್ದೆ, ನಿಮಗಾಗಿಯೇ ಕಾದೆ ಎಂಬಂಥ ಮಾತುಗಳು. ಅದು ಮುಗಿದದ್ದೇ ತಕೆಮೊರಿಯವರು ಕನ್ನಡದಲ್ಲಿ "ತಡವಾಯಿತು" ಎನ್ನಬೇಕು. ಆ ಒಂದು ಶಬ್ದವನ್ನು ನಾನು ಅವರಿಗೆ ಚೆನ್ನಾಗಿ ಕಲಿಸಿದ್ದೆ. ಆದರೆ ಕ್ಯಾಮೆರಾ ಎದುರು ಅದು ಸರಿಯಾದ ಜಾಗದಲ್ಲಿ ಬರಲೇ ಇಲ್ಲ. ಒಮ್ಮೆ ಲೀಲಕ್ಕನ ಮಾತಿನ ನಡುವೆಯೇ ಹೇಳಿಬಿಟ್ಟರು. ಇನ್ನೊಮ್ಮೆ ಮಾತು ಮುಗಿದು ಎಷ್ಟೋ ಹೊತ್ತಾದರೂ ಸುಮ್ಮನೆ ಕೂತಿದ್ದರು. ಪ್ರಸನ್ನ "ಕಟ್" ಎಂದರೂ ಕೂತೇ ಇದ್ದರು. ಮೂರು ದಿನ ಹೀಗೇ ಆಯಿತು. ಬಿಸಿಲು ವ್ಯರ್ಥವಾಗುತ್ತಿತ್ತು. ಆಗಸ್ಟಿನಲ್ಲಿ ಅವರು ಹಿಂತಿರುಗಲೇಬೇಕಿತ್ತು.

ಪ್ರಸನ್ನ ನನ್ನನ್ನು ತೆಂಗಿನ ಮರಗಳ ಕಡೆಗೆ ಕರೆದುಕೊಂಡು ಹೋದ.

"ಅಕ್ಕ, ನೀವು ಅಲ್ಲಿ ವಯಸ್ಸಾದವರನ್ನು ನೋಡಿಕೊಂಡವರು. ಸತ್ಯ ಹೇಳಿ. ಅವರಿಗೆ ಮರೆವಿನ ರೋಗ ಎಂತಾದರೂ ಉಂಟಾ?"

"ಇಲ್ಲ."

"ಮತ್ತೆ? ಒಂದೇ ಒಂದು ಶಬ್ದ ಅಲ್ವಾ? ನನಗೆ ಅವರನ್ನು ನೋಡಿದರೆ ಬೇಜಾರಾಗ್ತದೆ, ಬೈಯಲಿಕ್ಕೂ ಆಗುವುದಿಲ್ಲ. ಈ ಸೀನ್ ತೆಗೆದುಬಿಡುವ ಅಂತ ಇದ್ದೇನೆ. ಅವರು ದೂರದಿಂದ ನಡೆದು ಬರುವುದು, ಅಜ್ಜಿ ನೋಡುವುದು. ಅಷ್ಟೇ ಸಾಕು."

"ಒಂದು ದಿನ ನಿಲ್ಲು" ಎಂದೆ.

ಕಾರಣ ನನಗೆ ಆಗಲೇ ಗೊತ್ತಿತ್ತು. ವೃದ್ಧಾಶ್ರಮದಲ್ಲಿ ಕೆಲಸ ಮಾಡಿದವಳಿಗೆ ಅದು ಬೇಗ ತಿಳಿಯುತ್ತದೆ. ತಕೆಮೊರಿಯವರು ಯಾವಾಗಲೂ ನನ್ನ ಎಡಕ್ಕೆ ಕೂರುತ್ತಿದ್ದರು, ಬಲಕಿವಿ ನನ್ನ ಕಡೆ ಇರುವ ಹಾಗೆ. ಮಾತಾಡುವವರ ಬಾಯಿಯಿಂದ ಕಣ್ಣು ತೆಗೆಯುತ್ತಿರಲಿಲ್ಲ. ಹೆಂಚಿನ ಮೇಲೆ ಮಳೆ ಜೋರಾದಾಗ ಯಾರು ಏನು ಹೇಳಿದರೂ ನಗುತ್ತ ತಲೆಯಾಡಿಸುತ್ತಿದ್ದರು. ವಾರದ ಹಿಂದೆ ಅವರ ಬೆನ್ನ ಹಿಂದೆ ನಿಂತು ಚಹಾ ತಂದಿದ್ದೇನೆಂದು ಹೇಳಿದಾಗ ಅವರು ತಿರುಗಿರಲಿಲ್ಲ. ಎದುರಿಗೆ ಬಂದು ನಿಂತಾಗ ನನ್ನ ಮುಖ ನೋಡಿ ಅವರಿಗೂ ಅರ್ಥವಾಗಿತ್ತು.

"ಯಾರಿಗೂ ಹೇಳಬೇಡಿ" ಎಂದಿದ್ದರು ಆವತ್ತು.

ಎಡಕಿವಿ ಪೂರ್ತಿ ಹೋಗಿ ವರ್ಷಗಳಾಗಿದ್ದವು. ಬಲಕಿವಿಯೂ ಮಂದವಾಗುತ್ತ ಬಂದಿತ್ತು. ಜಪಾನಿನಲ್ಲಿ ಅವರು ಉಳಿದವರ ಮಾತುಗಳನ್ನೂ ಬಾಯಿಪಾಠ ಮಾಡಿಕೊಂಡು, ತುಟಿ ನೋಡುತ್ತ ಹೇಗೋ ಸುಧಾರಿಸಿದ್ದರು. ಯಾರಿಗೂ ಗೊತ್ತಾಗಿರಲಿಲ್ಲ. ಗೊತ್ತಾದರೆ ಯಾರೂ ಬೈಯುವುದಿಲ್ಲ, ದೊಡ್ಡ ಮರ್ಯಾದೆಯಿಂದ ಇನ್ನು ವಿಶ್ರಾಂತಿ ತೆಗೆದುಕೊಳ್ಳಿ ಎನ್ನುತ್ತಾರೆ, ಆಮೇಲೆ ಫೋನು ಬರುವುದಿಲ್ಲ, ಅಷ್ಟೇ ಎಂದಿದ್ದರು. ಇಲ್ಲಿಯೂ ಲೀಲಕ್ಕನ ಮಾತು ಎಷ್ಟು ಉದ್ದವಿದೆಯೆಂದು ಅಂದಾಜು ಮಾಡಿಕೊಂಡಿದ್ದರು. ಆದರೆ ಕನ್ನಡ ಮಾತಾಡುವ ತುಟಿಗಳನ್ನು ಓದಲು ಅವರಿಗೆ ಬರುತ್ತಿರಲಿಲ್ಲ. ಸಾಲದ್ದಕ್ಕೆ ಲೀಲಕ್ಕ ಒಂದು ಸಲ ಹೇಳಿದ ಹಾಗೆ ಇನ್ನೊಂದು ಸಲ ಹೇಳುತ್ತಲೇ ಇರಲಿಲ್ಲ.

ಪ್ರಸನ್ನನೊಡನೆ ಮಾತಾಡಿದ ಆ ಸಂಜೆ ನಾನು ತಕೆಮೊರಿಯವರ ಎದುರು ಕೂತು, ಅವರು ನನ್ನ ತುಟಿ ಕಾಣುವ ಹಾಗೆ ನಿಧಾನವಾಗಿ ಎಲ್ಲ ಹೇಳಿದೆ. ನಿಮಗೆ ಮರೆವು ಬಂದಿದೆಯೆಂದು ಅವರು ತಿಳಿದಿದ್ದಾರೆ. ದೃಶ್ಯ ತೆಗೆಯುತ್ತಾರೆ. ನಾನಾಗಿ ಹೇಳುವುದಿಲ್ಲ, ಮಾತು ಕೊಟ್ಟಿದ್ದೇನೆ. ನೀವೇ ಯೋಚನೆ ಮಾಡಿ.

ಅವರು ಕೇಳಿದರು, "ಆ ದೃಶ್ಯ ತೆಗೆದರೆ ಹಿರೋಶಿ ಎಂದು ನನ್ನನ್ನು ಯಾರಾದರೂ ಕರೆಯುವ ಮಾತು ಸಿನಿಮಾದಲ್ಲಿ ಉಳಿಯುತ್ತದೆಯೇ?"

ನಾನು ನೆನಪು ಮಾಡಿಕೊಂಡು ನೋಡಿದೆ. ಉಳಿಯುತ್ತಿರಲಿಲ್ಲ.

ಮರುದಿನ ಬೆಳಿಗ್ಗೆ ಎಲ್ಲರನ್ನೂ ಟಾರ್ಪಾಲಿನ ಅಡಿಗೆ ಕರೆಯಲು ಹೇಳಿದರು. ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬಂದು ನಿಂತರು. ಅವರು ಒಂದೊಂದೇ ವಾಕ್ಯ ಹೇಳಿದ ಹಾಗೆ ನಾನು ಕನ್ನಡದಲ್ಲಿ ಹೇಳಿದೆ. "ನನ್ನ ಎಡಕಿವಿ ಕೇಳಿಸುವುದಿಲ್ಲ. ಬಲಕಿವಿ ಅರ್ಧ ಕೇಳಿಸುತ್ತದೆ. ಇದನ್ನು ಮುಚ್ಚಿಟ್ಟು ನಿಮ್ಮ ಬಿಸಿಲು ಹಾಳುಮಾಡಿದೆ. ಕ್ಷಮಿಸಬೇಕು." ಹೇಳಿ ಮುಗಿಸಿ ಸೊಂಟದವರೆಗೆ ಬಾಗಿದರು, ಬಾಗಿಯೇ ನಿಂತರು.

ಲೈಟಿನ ಹನೀಫ, ಉಪ್ಪಳದವನು, ಬೀಡಿ ಬಾಯಿಂದ ತೆಗೆದು, "ಇಷ್ಟೆಯಾ?" ಎಂದ. "ನಮ್ಮ ಮ್ಯಾನೇಜರಿಗೆ ಎರಡು ಕಿವಿ ಸರಿ ಉಂಟು. ಆದರೂ ಊಟಕ್ಕೆ ಮೀನು ಸಾಕಾಗುವುದಿಲ್ಲ ಅಂದರೆ ಕೇಳುವುದಿಲ್ಲ."

ಎಲ್ಲರೂ ನಕ್ಕರು. ಬಾಗಿದ್ದ ತಕೆಮೊರಿಯವರು ಯಾಕೆ ನಗುತ್ತಿದ್ದಾರೆಂದು ತಿಳಿಯದೆ ಗಾಬರಿಯಿಂದ ತಲೆಯೆತ್ತಿದರು. ನಾನು ಅದನ್ನೂ ಅನುವಾದಿಸಿದೆ. ಅವರು ನಗಲು ಶುರುಮಾಡಿದವರು ಕಣ್ಣೊರೆಸಿಕೊಳ್ಳಬೇಕಾಯಿತು. ಪ್ರಸನ್ನ ಹತ್ತಿರ ಬಂದು ಅವರ ಬಲಗಡೆ ನಿಂತು, ನನ್ನನ್ನು ನೋಡಿ, "ನನ್ನ ಅಜ್ಜನಿಗೂ ಹೀಗೇ ಇತ್ತು, ಮೊದಲೇ ಹೇಳಿದ್ದರೆ ಆಗ್ತಿತ್ತಲ್ಲ ಅಂತ ಹೇಳಿ ಅಕ್ಕ. ಬೈದೆ ಅಂತ ಆಗಬಾರದು, ಸ್ವಲ್ಪ ಮೆಲ್ಲ ಹೇಳಿ" ಎಂದ.

ಲೀಲಕ್ಕನಿಗೆ ಮಾತ್ರ ಬೇರೆಯೇ ಯೋಚನೆ. "ಹಾಗಾದರೆ ನಾನು ಮೂರು ದಿನ ಅಷ್ಟೆಲ್ಲ ಹೇಳಿದ್ದು ಅವರಿಗೆ ಒಂದೂ ಕೇಳಲಿಲ್ಲವಾ?" ಎಂದು ನನ್ನನ್ನು ಕೇಳಿದರು.

"ಕೇಳಿದರೂ ಅವರಿಗೆ ಕನ್ನಡ ಅರ್ಥ ಆಗುವುದಿಲ್ಲ ಲೀಲಕ್ಕ."

"ಅದು ಬೇರೆ, ಇದು ಬೇರೆ" ಎಂದರು ಅವರು, ಏನೋ ಲೆಕ್ಕ ಹಾಕುವವರ ಹಾಗೆ.

ಒಂದು ಉಪಾಯ ಮಾಡಿದೆವು. ಲೀಲಕ್ಕ ಮಾತು ಮುಗಿದ ಕೂಡಲೇ ಕೈಯಲ್ಲಿದ್ದ ಲೋಟವನ್ನು ಜಗಲಿಯ ಮೇಲಿಡುವುದು. ತಕೆಮೊರಿಯವರು ಅದನ್ನು ನೋಡಿ "ತಡವಾಯಿತು" ಎನ್ನುವುದು. ಒಂದೆರಡು ಸಲ ಅಭ್ಯಾಸ ಮಾಡಿದರು. ಸರಿಬಂತು. ಮಧ್ಯಾಹ್ನ ಊಟದ ಮೇಲೆ ಮೋಡ ಸರಿದು ಜಗಲಿಗೆ ಒಳ್ಳೆಯ ಬೆಳಕು ಬಿತ್ತು.

ಕ್ಯಾಮೆರಾ ಓಡತೊಡಗಿತು. ಲೀಲಕ್ಕ ಲೋಟ ಹಿಡಿದು ಕೂತರು. ಮೊದಲ ಮಾತೇ ಚಿತ್ರಕಥೆಯಲ್ಲಿ ಇಲ್ಲದ್ದು.

"ಕಾಯ್ಲಿಕ್ಕೆ ನನಗೆಲ್ಲಿ ಪುರುಸೊತ್ತಿತ್ತು?" ಎಂದರು. ದನಿ ಏರಿಸಲಿಲ್ಲ, ನೆರೆಮನೆಯವರೊಡನೆ ಮಾತಾಡಿದ ಹಾಗೆಯೇ ಹೇಳುತ್ತ ಹೋದರು. "ನೀವು ಬಿಟ್ಟುಹೋದ ವರ್ಷ ಎಲ್ಲರೂ ಬಂದು ಪಾಪ, ಪಾಪ ಅಂದರು. ನಾನೂ ಪಾಪದ ಹಾಗೆ ಕೂತುಕೊಂಡೆ, ಅವರಿಗೆ ಬೇಜಾರಾಗಬಾರದಲ್ಲ. ಆದರೆ ಅವರು ಹೋಗಿ ಬಾಗಿಲು ಹಾಕಿದ ಮೇಲೆ ನನಗೆ ಒಳ್ಳೆ ನಿದ್ದೆ ಬರ್ತಿತ್ತು. ನನಗೆ ಬೇಕಾದ ಸಾರು ಮಾಡಿದೆ. ಹಾಡು ಹೇಳಬೇಕು ಅಂತ ಆದಾಗ ಹೇಳಿದೆ. ಯಾರೂ ಬಾಯಿ ಮುಚ್ಚು ಅನ್ಲಿಲ್ಲ. ನಾನು ಸುಖದಲ್ಲಿಯೇ ಇದ್ದೆ ಹಿರೋಶಿ. ಇದನ್ನು ಇಷ್ಟರವರೆಗೆ ಯಾರ ಹತ್ತಿರವೂ ಹೇಳಿಲ್ಲ, ನಿಮ್ಮ ಹತ್ತಿರ ಹೇಳ್ತಿದ್ದೇನೆ."

ಲೋಟವನ್ನು ಕೆಳಗಿಟ್ಟರು.

ನಾನು ಕ್ಯಾಮೆರಾದ ಹಿಂದೆ ನಿಂತಿದ್ದೆ. ಈ ಮಾತಿಗೆ "ತಡವಾಯಿತು" ಎಂದರೆ ಎಲ್ಲ ಕೆಡುತ್ತದೆ. ತಕೆಮೊರಿಯವರು ಲೋಟ ನೋಡಿದರು. ಆದರೆ ಬಾಯಿ ತೆರೆಯಲಿಲ್ಲ. ಲೀಲಕ್ಕನ ಮುಖವನ್ನು ನೋಡುತ್ತಲೇ ಇದ್ದರು. ದೊಡ್ಡ ಹೊರೆಯೊಂದನ್ನು ಇಳಿಸಿ ಸೆರಗಿನಿಂದ ಕತ್ತು ಒರೆಸಿಕೊಳ್ಳುವವರ ಹಾಗಿತ್ತು ಆ ಮುಖ. ಮೆಲ್ಲನೆ ತಕೆಮೊರಿಯವರ ಕಣ್ಣಂಚಿನಲ್ಲಿ ನಗು ಬಂತು. ಲೀಲಕ್ಕ ದಿನವೂ ಅವರಿಗೆ ಊಟ ಬಡಿಸಿ "ಒಳ್ಳೆದಾಯ್ತಾ?" ಎಂದು ಕೇಳುತ್ತಿದ್ದರು. ಉತ್ತರ ಹೇಳುವುದನ್ನೂ ಅವರೇ ಕಲಿಸಿಕೊಟ್ಟಿದ್ದರು. ಅದನ್ನೇ ತಕೆಮೊರಿಯವರು ಹೇಳಿದರು.

"ಒಳ್ಳೆದಾಯ್ತು."

ಲೀಲಕ್ಕ ಅವರತ್ತ ತಿರುಗಿದರು. ಇಬ್ಬರೂ ಕಡಲ ಕಡೆ ನೋಡುತ್ತ ಕೂತರು. ಪ್ರಸನ್ನನಿಗೆ ಕಟ್ ಹೇಳುವುದು ಮರೆತುಹೋಗಿತ್ತು. ಕ್ಯಾಮೆರಾದ ಹುಡುಗನೇ ಸಾಕಷ್ಟು ಹೊತ್ತಾದ ಮೇಲೆ ಅವನ ಕಡೆ ನೋಡಿದ.

ಆಮೇಲೆ ಅಡುಗೆಕೋಣೆಯ ಬದಿಯಲ್ಲಿ ಲೀಲಕ್ಕನನ್ನು ಕೇಳಿದೆ, "ಅದು ಸಿನಿಮಾದ ಅಜ್ಜಿಯ ಮಾತಾ ಲೀಲಕ್ಕ?"

"ಅಜ್ಜಿಯದ್ದೋ ನನ್ನದೋ. ಅವರಿಗೆ ಕೇಳುವುದಿಲ್ಲ ಅಂತ ಗೊತ್ತಾದ ಮೇಲೆ ಬಾಯಿಗೆ ಬಂತು."

"ಕ್ಯಾಮೆರಾಕ್ಕೆ ಕೇಳ್ತದಲ್ಲ?"

"ಅದು ಮರೆತೇಹೋಯ್ತು ಮಾರಾಯ್ತಿ" ಎಂದರು, ಬಾಯಿಗೆ ಸೆರಗು ಅಡ್ಡ ಹಿಡಿದು.

ತಕೆಮೊರಿಯವರು ಜಗಲಿಯಲ್ಲಿಯೇ ಕೂತಿದ್ದರು. ಲೀಲಕ್ಕ ಏನು ಹೇಳಿದರು ಎಂದು ನನ್ನನ್ನು ಕೇಳಿದರು. ನಾನು ಒಂದು ಮಾತೂ ಬಿಡದೆ ಹೇಳಿದೆ. ಅವರು ತಲೆಯಾಡಿಸಿ, "ಹಾಗೆಯೇ ಕಾಣಿಸಿತು" ಎಂದರು. ಆಮೇಲೆ, "ನನ್ನ ಮಾತು ಹೊಂದಿತೇ?" ಎಂದು ಕೇಳಿದರು. ಹೊಂದಿತು ಎಂದೆ. ಕಿಯೊಕೊ ಅವರಿಗೆ ಫೋನು ಮಾಡಿಕೊಡಲು ಹೇಳಿದರು. ಏನು ಮಾತಾಡಿದರೆಂದು ನಾನು ಕೇಳಿಸಿಕೊಳ್ಳಲಿಲ್ಲ. ಕಿವಿ ಕೇಳದವರು ಮಾತಾಡುವ ಹಾಗೆ ಜೋರಾಗಿಯೇ ಮಾತಾಡುತ್ತಿದ್ದರು, ಆದ್ದರಿಂದ ಅಂಗಳ ದಾಟಿ ಕಡಲ ಬದಿಗೆ ಹೋಗಿ ನಿಂತೆ.

ಪ್ರಸನ್ನನಿಗೆ ಆ ದಿನ ಬೇರೆ ಕೆಲಸ ಮಾಡಲಾಗಲಿಲ್ಲ. ಕಾದು ಕಾದು ಮುದುಕಿಯಾದವಳ ಕಥೆಯೆಂದು ಅವನು ಎರಡು ವರ್ಷ ಕೂತು ಬರೆದಿದ್ದ. ಈಗ ಅವಳು ಕಾದೇ ಇರಲಿಲ್ಲ. ಸಂಜೆ ಲೀಲಕ್ಕನ ಬಳಿ ಬಂದು, "ಅಕ್ಕ, ನೀವು ಹೇಳಿದ್ದನ್ನು ಇಟ್ಟುಕೊಳ್ಳಬೇಕು ಅಂತ ಉಂಟು. ಆದರೆ ಊರಿನವರು ನೋಡ್ತಾರೆ. ನಿಮಗೆ ಬೇಡ ಅಂತಾದರೆ ತೆಗೀತೇನೆ, ಇನ್ನೊಮ್ಮೆ ಬರೆದ ಹಾಗೆ ಮಾಡುವ" ಎಂದ.

ಲೀಲಕ್ಕ ಅಕ್ಕಿ ಆರಿಸುತ್ತಿದ್ದರು. ಗೆರಸೆಯಲ್ಲಿದ್ದ ಅಕ್ಕಿಯನ್ನು ಒಂದು ಬದಿಗೆ ಸರಿಸಿ, ಕಲ್ಲು ಹುಡುಕಿ, ಇನ್ನೊಂದು ಬದಿಗೆ ಸರಿಸಿದರು.

"ಇರಲಿ" ಎಂದರು ಕೊನೆಗೆ. "ನೋಡಲಿ. ನೋಡಿಯಾದರೂ ಪಾಪ ಅನ್ನುವುದನ್ನು ನಿಲ್ಲಿಸಲಿ."

ಪ್ರಸನ್ನ ಕೊನೆಯ ಭಾಗವನ್ನು ಬದಲಾಯಿಸಿ ಬರೆದ. ಬಿಸಿಲು ಇನ್ನೂ ಕೆಲವು ದಿನ ಇದ್ದುಕೊಟ್ಟಿತು. ಕೆಲಸ ಮುಗಿದ ಮೇಲೆ ನಾನು ತಕೆಮೊರಿಯವರನ್ನು ಮಂಗಳೂರಿಗೆ ಕರೆದುಕೊಂಡು ಹೋಗಿ ಕಿವಿ ತೋರಿಸಿದೆ. ಬಲಕಿವಿಗೆ ಯಂತ್ರ ಹಾಕಿದರು. ಇನ್ನು ಅಡಗಿಸುವುದಕ್ಕೆ ಏನೂ ಉಳಿದಿಲ್ಲವಲ್ಲ ಎಂದು ಅವರೇ ಒಪ್ಪಿದ್ದರು. ಮನೆಗೆ ಮುಟ್ಟುವಾಗ ಮಳೆ ನಿಂತು ಕಪ್ಪೆಗಳು ಕೂಗುತ್ತಿದ್ದವು. ಕಡಲು ಮೊರೆಯುತ್ತಿತ್ತು. ಪಕ್ಕದ ಮನೆಯಲ್ಲಿ ಟೀವಿ, ರಸ್ತೆಯಲ್ಲಿ ಬಸ್ಸಿನ ಹಾರ್ನು. ತಕೆಮೊರಿಯವರು ಅಂಗಳದಲ್ಲಿ ನಿಂತು ಎಲ್ಲ ಕೇಳಿದರು. "ಇದು ಬಹಳ ಶಾಂತವಾದ ಊರೆಂದು ಹೆಂಡತಿಗೆ ಹೇಳಿಬಿಟ್ಟಿದ್ದೇನೆ" ಎಂದು ಯಂತ್ರವನ್ನು ತೆಗೆದು ಕಿಸೆಗೆ ಹಾಕಿಕೊಂಡರು.

ಆಗಸ್ಟಿನಲ್ಲಿ ಅವರು ಹೊರಟರು. ಹನೀಫ ಹಲ್ವದ ಪೊಟ್ಟಣ ತಂದುಕೊಟ್ಟ. ಲೀಲಕ್ಕ ಒಣಮೀನಿನ ಚಟ್ನಿ ಕೊಟ್ಟರು. ಅದು ವಿಮಾನದಲ್ಲಿ ದಾಟುತ್ತದೋ ಇಲ್ಲವೋ ಎಂದು ನನಗೆ ಹೆದರಿಕೆ ಇತ್ತು. ದಾಟಿತಂತೆ.

ಜಪಾನಿಗೆ ಹೋದಮೇಲೆ ಕಿವಿಯ ವಿಷಯವನ್ನು ತಮಗೆ ಕೆಲಸ ಹುಡುಕಿಕೊಡುವವರಿಗೆ ಅವರೇ ಹೇಳಿದರು. ಅವರು ಅಂದಾಜು ಮಾಡಿದ ಹಾಗೆಯೇ ಕೆಲವರ ಫೋನು ನಿಂತುಹೋಯಿತು. ಆಮೇಲೆ ಒಂದು ಧಾರಾವಾಹಿಯವರು ಕರೆದರು. ಗಡಿಯಾರ ರಿಪೇರಿ ಮಾಡುವ ಮುದುಕ, ಕಿವಿಗೆ ಯಂತ್ರ ಹಾಕಿಕೊಂಡವನು. ಅದಕ್ಕೆ ಅವರದ್ದೇ ಯಂತ್ರ ಸಾಕಾಯಿತು. ವಾರಕ್ಕೊಂದು ಸಲ ಬರುವ ಆ ಪಾತ್ರ ಈಗಲೂ ನಡೆಯುತ್ತಿದೆ. ಕಿಯೊಕೊ ಅವರು ಅಂಗಡಿಯ ಟೀವಿಯ ಚಿತ್ರ ತೆಗೆದು ನನಗೆ ಕಳಿಸುತ್ತಿರುತ್ತಾರೆ.

ಸಿನಿಮಾ ಕಾಸರಗೋಡಿನಲ್ಲಿ ಒಂದು ವಾರ ಓಡಿತು. ನಾನೂ ಲೀಲಕ್ಕನೂ ಅವರ ನೆರೆಯ ಹೆಂಗಸರೆಲ್ಲರೂ ಜೀಪು ಮಾಡಿಕೊಂಡು ಹೋಗಿದ್ದೆವು. ಜಗಲಿಯ ದೃಶ್ಯ ಬಂದಾಗ ನಮ್ಮ ಸಾಲಿನಲ್ಲಿ ಒಬ್ಬರೂ ಅಲುಗಾಡಲಿಲ್ಲ. ಹೊರಗೆ ಬಂದು ಜೀಪು ಹತ್ತುವಾಗ ಪಕ್ಕದ ಮನೆಯ ಸುಂದರಿಯಕ್ಕ ಲೀಲಕ್ಕನ ಕೈ ಹಿಡಿದುಕೊಂಡು, "ನೀನು ಹಾಡ್ತಿದ್ದದ್ದು ನನಗೆ ಕೇಳ್ತಿತ್ತು. ನಾನು ರೇಡಿಯೋ ಅಂತ ಎಣಿಸಿದ್ದೆ" ಎಂದರು. ದಾರಿಯುದ್ದಕ್ಕೂ ಅವರಿಬ್ಬರೂ ಒಟ್ಟಿಗೇ ಕೂತಿದ್ದರು.

ಈಗ ಲೀಲಕ್ಕನನ್ನು ಹಿಡಿಯುವುದೇ ಕಷ್ಟ. ಆ ಸಿನಿಮಾ ನೋಡಿದವರು ಒಬ್ಬೊಬ್ಬರಾಗಿ ಕರೆಯುತ್ತಿದ್ದಾರೆ. ಬಸ್ ಸ್ಟಾಂಡಿನಲ್ಲಿ ಹಣ್ಣು ಮಾರುವವಳು, ನಾಯಕನ ದೊಡ್ಡಮ್ಮ, ಆಸ್ಪತ್ರೆಯ ಬೆಂಚಿನಲ್ಲಿ ಕೂತವಳು, ಹೀಗೆ ಒಂದಲ್ಲ ಒಂದು ಪಾತ್ರ. ಕಳೆದ ವಾರ ಪಟ್ಟಿ ಅಂಟಿಸಿದ ಆ ಅಜ್ಜನ ಮನೆಯಿಂದ ಹೊರಟು ರಸ್ತೆಗೆ ಬಂದಾಗ ಲೀಲಕ್ಕನ ನೆನಪಾಗಿ ಫೋನು ಮಾಡಿದೆ. ಕಾಞಂಗಾಡಿನಲ್ಲಿ ಶೂಟಿಂಗಿನಲ್ಲಿದ್ದೇನೆ ಎಂದರು. ಹಿಂದೆ ಯಾರೋ ಮಲಯಾಳದಲ್ಲಿ ಅವಸರ ಮಾಡುತ್ತಿದ್ದರು.

"ಇವತ್ತು ಎಂತ ಪಾತ್ರ?" ಎಂದು ಕೇಳಿದೆ.

"ತರವಾಡು ಮನೆಯ ದೊಡ್ಡ ಅಜ್ಜಿ. ಇವತ್ತು ಸಾಯುವುದು" ಎಂದರು ಲೀಲಕ್ಕ. "ಈಗಲೇ ಸಾಯಿರಿ ಅಂತ ಗಡಿಬಿಡಿ ಮಾಡ್ತಿದ್ದಾರೆ. ನಾನು ಊಟ ಆಗಿಯೇ ಸಾಯುವುದು ಅಂತ ಹೇಳಿದ್ದೇನೆ. ಬಂಗುಡೆ ಉಂಟಂತೆ."